ಕ್ಯಾಮೆರಾ ಹಿಡಿದವರು ನಿರ್ಮಾಣಕ್ಕೆ ಇಳಿದರೆ: ಬಿಕೆಟಿ ಸೀಮೆಯ ಲೆಕ್ಕ

ಸಿನಿಮಾದ ಒಂದೊಂದು ಫ್ರೇಮಿಗೂ ಬೆಳಕು ಕೂರಿಸಿ ಚಿತ್ರೀಕರಿಸಿದ ಛಾಯಾಗ್ರಾಹಕನಿಗೆ ಆ ಸಿನಿಮಾದ ಮೇಲೆ ಕಾನೂನಿನಲ್ಲಿ ಯಾವ ಹಕ್ಕೂ ಇಲ್ಲ. 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಚಲನಚಿತ್ರದ ಕರ್ತೃ ಎಂದರೆ ನಿರ್ಮಾಪಕ. ಚಿತ್ರ ಬಿಡುಗಡೆಯಾದ ಮರುವರ್ಷದಿಂದ 60 ವರ್ಷ ಹಕ್ಕು ಅವನದು. 2012ರಲ್ಲಿ ಕಾಯ್ದೆಗೆ ತಿದ್ದುಪಡಿ ಆದಾಗ ಗೀತರಚನಕಾರರಿಗೆ, ಸಂಗೀತ ಸಂಯೋಜಕರಿಗೆ ರಾಯಲ್ಟಿಯ ಪಾಲು ಸಿಕ್ಕಿತು. ಕ್ಯಾಮೆರಾಮನ್‌ಗೆ ಆಗಲೂ ಏನೂ ಸಿಗಲಿಲ್ಲ. ಚಿತ್ರ ಟಿವಿಯಲ್ಲಿ ಎಷ್ಟು ಸಲ ಬಂದರೂ, ಒಟಿಟಿಗೆ ಹೋದರೂ, ಹಿಂದಿಗೆ ಡಬ್ ಆಗಿ ಮಾರಾಟವಾದರೂ ಅವನ ಕೈಗೆ ಬರುವುದು ಮೊದಲು ಮಾತಾಡಿಕೊಂಡ ಸಂಭಾವನೆ ಅಷ್ಟೇ.

ಕ್ಯಾಮೆರಾ ವಿಭಾಗದವರು ನಿರ್ಮಾಣದ ಕಡೆ ಮುಖ ಮಾಡುವುದಕ್ಕೆ ಇದಕ್ಕಿಂತ ಗಟ್ಟಿಯಾದ ಕಾರಣ ಬೇಕಿಲ್ಲ. ವಿತರಕರು ಬಿಕೆಟಿ (ಬೆಂಗಳೂರು-ಕೋಲಾರ-ತುಮಕೂರು) ಎನ್ನುವ ಸೀಮೆಯಿಂದ, ಅಂದರೆ ತುಮಕೂರು, ಕೋಲಾರ, ಚಿಕ್ಕಬಳ್ಳಾಪುರದ ಕಡೆಯಿಂದ ಗಾಂಧಿನಗರಕ್ಕೆ ಹೋದ ಹುಡುಗರಲ್ಲಿ ಅನೇಕರ ದಾರಿ ಒಂದೇ: ಊರಿನ ಮದುವೆ ಸ್ಟುಡಿಯೊ, ಆಮೇಲೆ ಸೀರಿಯಲ್, ಅಲ್ಲಿಂದ ಫೋಕಸ್ ಪುಲ್ಲರ್ (ಶಾಟಿನಲ್ಲಿ ಫೋಕಸ್ ಹೊಂದಿಸುವ ಸಹಾಯಕ), ಅಸೋಸಿಯೇಟ್, ಕೊನೆಗೆ ಸ್ವತಂತ್ರ ಛಾಯಾಗ್ರಾಹಕ. ಮೂರು ನಾಲ್ಕು ಚಿತ್ರ ಮುಗಿಸಿದವರು 'ನಾವೇ ಒಂದು ಮಾಡಿದರೆ ಹೇಗೆ' ಎಂದು ಯೋಚಿಸುವುದು ಸಹಜ. ಅಂಥವರಿಗಾಗಿ ಇದನ್ನು ಬರೆಯುತ್ತಿದ್ದೇನೆ. ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡುತ್ತೇನೆ: ಛಾಯಾಗ್ರಾಹಕ ನಿರ್ಮಾಪಕನಾದರೆ ಅವನಿಗೆ ದುಡ್ಡು ಉಳಿಯುವುದು ಶೆಡ್ಯೂಲಿನಲ್ಲಿ, ಕೈ ಸುಡುವುದು ಕುಂಬಳಕಾಯಿ ಒಡೆದ ಮೇಲೆ, ಅಂದರೆ ಚಿತ್ರೀಕರಣ ಮುಗಿದ ಮೇಲೆ.

ಈ ದಾರಿಯಲ್ಲಿ ನಡೆದವರು ಇದ್ದಾರೆ. 'ಮುಂಗಾರು ಮಳೆ'ಗೆ (2006) ಕ್ಯಾಮೆರಾ ಹಿಡಿದ ಎಸ್. ಕೃಷ್ಣ 2014ರಲ್ಲಿ ನಿರ್ದೇಶಕರಾದರು. 2019ರಲ್ಲಿ ಬಂದ ಅವರ 'ಪೈಲ್ವಾನ್' ಮನೆಯ ಬ್ಯಾನರಿನಲ್ಲೇ ತಯಾರಾಯಿತು, ನಿರ್ಮಾಪಕಿ ಪತ್ನಿ ಸ್ವಪ್ನಾ ಕೃಷ್ಣ. ಪಕ್ಕದ ಮಲಯಾಳಂನಲ್ಲಿ ಸಂತೋಷ್ ಶಿವನ್ 2011ರ 'ಉರುಮಿ'ಯನ್ನು ನಿರ್ದೇಶಿಸಿ, ಚಿತ್ರೀಕರಿಸಿ, ಪೃಥ್ವಿರಾಜ್ ಮತ್ತು ಶಾಜಿ ನಟೇಶನ್ ಜೊತೆ ಸೇರಿ ನಿರ್ಮಾಣವನ್ನೂ ಮಾಡಿದರು. 2018ರ 'ಸುಡಾನಿ ಫ್ರಮ್ ನೈಜೀರಿಯಾ'ದ ಇಬ್ಬರು ನಿರ್ಮಾಪಕರೂ, ಅಂದರೆ ಸಮೀರ್ ತಾಹಿರ್ ಮತ್ತು ಶೈಜು ಖಾಲಿದ್, ಛಾಯಾಗ್ರಾಹಕರೇ. ಅದರಲ್ಲಿ ಶೈಜು ಕ್ಯಾಮೆರಾವನ್ನೂ ನಿಭಾಯಿಸಿದರು, ನಿರ್ದೇಶನವನ್ನು ಹೊಸಬರೊಬ್ಬರಿಗೆ ಬಿಟ್ಟರು. ಈ ಮೂರರಲ್ಲಿ ನಮ್ಮ ಹುಡುಗರಿಗೆ ಹೆಚ್ಚು ಹೊಂದುವುದು ಮೂರನೆಯದೇ ಎಂದು ನನಗೆ ಅನಿಸುತ್ತದೆ. ಕ್ಯಾಮೆರಾ, ನಿರ್ಮಾಣ ಎರಡರ ಜೊತೆ ನಿರ್ದೇಶನವನ್ನೂ ಹೊತ್ತುಕೊಂಡರೆ ಸೆಟ್ಟಿನಲ್ಲಿ 'ಸಾಕು' ಎನ್ನುವವರೇ ಇರುವುದಿಲ್ಲ.

ಅಂದ ಹಾಗೆ, ನಿರ್ಮಾಣ ನಮ್ಮ ತುಮಕೂರು ಜಿಲ್ಲೆಗೆ ಹೊಸ ವಿದ್ಯೆಯಲ್ಲ. 1884ರಲ್ಲಿ ಹುಟ್ಟಿದ ಗುಬ್ಬಿ ಕಂಪನಿಯಿಂದ ಬೆಳೆದ ವೀರಣ್ಣನವರ ಸಂಸ್ಥೆಯೇ 1954ರಲ್ಲಿ ಎವಿಎಂ ಜೊತೆ ಸೇರಿ 'ಬೇಡರ ಕಣ್ಣಪ್ಪ' ತೆಗೆದು ರಾಜ್‌ಕುಮಾರ್ ಅವರನ್ನು ನಾಯಕನಾಗಿ ಪರಿಚಯಿಸಿದ್ದು. ಛಾಯಾಗ್ರಹಣದ ಪಾಠಕ್ಕೂ ದೂರ ಹೋಗಬೇಕಿರಲಿಲ್ಲ. ಹಿಂದಿ ಚಿತ್ರಗಳ ಹೆಸರಾಂತ ಛಾಯಾಗ್ರಾಹಕರಾದ ವಿ.ಕೆ. ಮೂರ್ತಿ, ಗೋವಿಂದ ನಿಹಲಾನಿ ಇಬ್ಬರೂ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಕಲಿತವರು. ಆ ಕೋರ್ಸ್ ಈಗ ಹೆಸರಘಟ್ಟದ ಸರ್ಕಾರಿ ಚಲನಚಿತ್ರ ಸಂಸ್ಥೆಯಲ್ಲಿ ನಡೆಯುತ್ತದೆ.

ಸ್ವಂತ ಬ್ಯಾನರಿಗೆ ಮುಂಚೆ ಬಹಳ ಜನ ಹತ್ತುವ ಮೆಟ್ಟಿಲು ಒಂದಿದೆ: ಸಂಭಾವನೆ ಬಿಟ್ಟು ಪಾಲು ತೆಗೆದುಕೊಳ್ಳುವುದು. ಇಲ್ಲಿ ಆಗುವ ಎಡವಟ್ಟು ಬಹುತೇಕ ಒಂದೇ ತರಹದ್ದು. 'ಲಾಭದಲ್ಲಿ ಶೇ 10' ಎಂದು ಬಾಯಿಮಾತಿನಲ್ಲಿ ಒಪ್ಪಿಕೊಳ್ಳುತ್ತಾರೆ. ಲಾಭದ ಲೆಕ್ಕ ಬರೆಯುವವರು ಬೇರೆ. ಪ್ರಚಾರ, ಬಡ್ಡಿ, ಆಫೀಸ್ ಬಾಡಿಗೆ ಎಲ್ಲ ಕಳೆದ ಮೇಲೆ ಲಾಭ ಎನ್ನುವುದೇ ಉಳಿಯುವುದಿಲ್ಲ. ಕೇಳಬೇಕಾದ್ದು ಚಿತ್ರದ ಹಕ್ಕಿನಲ್ಲಿ ಪಾಲು, ಅದೂ ಸಹಿಯಾದ ಬರಹದಲ್ಲಿ. ಕೃತಿಸ್ವಾಮ್ಯದ ವರ್ಗಾವಣೆ ಬರಹದಲ್ಲಿ ಇಲ್ಲದಿದ್ದರೆ ಊರ್ಜಿತವಾಗುವುದಿಲ್ಲ. ಒಪ್ಪಂದದಲ್ಲಿ ಅವಧಿ ಬರೆಯದಿದ್ದರೆ ಕಾನೂನು ಅದನ್ನು 5 ವರ್ಷ ಎಂದೇ ಎಣಿಸುತ್ತದೆ. ಪ್ರದೇಶ ಬರೆಯದಿದ್ದರೆ ಭಾರತಕ್ಕೆ ಮಾತ್ರ ಎಂದು ಎಣಿಸುತ್ತದೆ. ಆದ್ದರಿಂದ ಥಿಯೇಟರ್, ಸ್ಯಾಟಲೈಟ್, ಡಿಜಿಟಲ್, ಡಬ್ಬಿಂಗ್, ರೀಮೇಕ್, ಆಡಿಯೊ ಹೀಗೆ ಒಂದೊಂದು ಹಕ್ಕಿನ ಹೆಸರು, ಅದರ ಅವಧಿ, ಅದರ ಪ್ರದೇಶ ಇವನ್ನು ಬಿಡಿಬಿಡಿಯಾಗಿ ಬರೆಸಿಕೊಳ್ಳಿ. ನೀವೇ ನಿರ್ಮಾಪಕರಾದ ದಿನ ಕಥೆಗಾರ, ಸಂಭಾಷಣೆಕಾರ, ಸಂಗೀತ ನಿರ್ದೇಶಕರ ಹತ್ತಿರ ಇದೇ ಕಾಗದ ಮಾಡಿಸಿಕೊಳ್ಳುವುದು ನಿಮ್ಮ ಕೆಲಸ. ಕಥೆಯ ಹಕ್ಕಿನ ಕಾಗದ ಸರಿ ಇಲ್ಲದ ಚಿತ್ರವನ್ನು ಒಟಿಟಿಯವರು, ಚಾನೆಲ್‌ನವರು ಮುಟ್ಟುವುದಿಲ್ಲ.

ಈಗ ಛಾಯಾಗ್ರಾಹಕನ ವಿದ್ಯೆ ದುಡ್ಡಾಗುವ ಜಾಗಕ್ಕೆ ಬರುತ್ತೇನೆ. ಲೆಕ್ಕಕ್ಕೆ 60 ಜನರ ಯೂನಿಟ್, ದಿನಕ್ಕೆ 2.5 ಲಕ್ಷ ಖರ್ಚು, 10 ಗಂಟೆ ಕೆಲಸ ಎಂದು ಇಟ್ಟುಕೊಳ್ಳಿ. ಗಂಟೆಗೆ 25,000 ರೂಪಾಯಿ, ನಿಮಿಷಕ್ಕೆ 400ಕ್ಕೂ ಮೇಲೆ. ಟ್ರಾಲಿ ಹಾಕಿ, ಬೇಡ ಎಂದು ತೆಗೆದು, ಮತ್ತೆ ಹಾಕುವುದಕ್ಕೆ 40 ನಿಮಿಷ ಹೋದರೆ 16,000 ಹೋಯಿತು. ಬೇರೆ ನಿರ್ಮಾಪಕನಿಗೆ ಆ 40 ನಿಮಿಷ ಯಾಕೆ ಹೋಯಿತು ಎಂದೇ ತಿಳಿಯುವುದಿಲ್ಲ. ಕ್ಯಾಮೆರಾ ಗೊತ್ತಿರುವ ನಿರ್ಮಾಪಕನಿಗೆ ಲೊಕೇಶನ್ ನೋಡಿದ ದಿನವೇ ಅದು ಕಾಣಬೇಕು. ಅವನು ಸ್ಕ್ರಿಪ್ಟನ್ನು ದೃಶ್ಯದ ಕ್ರಮದಲ್ಲಿ ಓದದೆ ಸೂರ್ಯನ ಕ್ರಮದಲ್ಲಿ ಓದಬಲ್ಲ. ಉಳಿತಾಯ ಶುರುವಾಗುವುದು ಅಲ್ಲಿಂದ.

ನಮ್ಮ ಮೂರು ಜಿಲ್ಲೆಗಳೂ ಹೆಚ್ಚುಕಡಿಮೆ 13 ಡಿಗ್ರಿ ಉತ್ತರ ಅಕ್ಷಾಂಶದ ಮೇಲಿವೆ. ಏಪ್ರಿಲ್ ಕೊನೆಯ ವಾರ ಮತ್ತು ಆಗಸ್ಟ್ ಮೂರನೇ ವಾರ ಮಧ್ಯಾಹ್ನ ಸೂರ್ಯ ಸರಿಯಾಗಿ ನೆತ್ತಿಯ ಮೇಲೆ ಬರುತ್ತಾನೆ. ಏಪ್ರಿಲ್‌ನಲ್ಲಿ ಅದು ಸುಮಾರು 12.20ಕ್ಕೆ. ಆ ಹೊತ್ತಿನಲ್ಲಿ ಕಣ್ಣಿನ ಗುಳಿ ಕಪ್ಪಾಗುತ್ತದೆ, ಮೂಗಿನ ನೆರಳು ತುಟಿಯ ಮೇಲೆ ಬೀಳುತ್ತದೆ. ಅದನ್ನು ಸರಿಮಾಡಲು 20 ಅಡಿ ಚೌಕದ ಸ್ಕಿಮ್ಮರ್ (ಬಿಸಿಲನ್ನು ಮೆದುವಾಗಿಸುವ ಬಟ್ಟೆ) ಕಟ್ಟಬೇಕು, ಅದನ್ನು ಹಿಡಿಯಲು ಜನ ಬೇಕು, ಗಾಳಿ ಬಂದರೆ ಇಳಿಸಬೇಕು. ಡಿಸೆಂಬರಿನಲ್ಲಿ ಅದೇ ನಡುಹಗಲು ಸೂರ್ಯ 53 ಡಿಗ್ರಿಗಿಂತ ಮೇಲೇರುವುದಿಲ್ಲ. ಬೆಳಕನ್ನು ಮುಖಕ್ಕೆ ತಿರುಗಿಸುವ ಒಂದು ಥರ್ಮೋಕೋಲಿನಲ್ಲಿ ನಿಭಾಯಿಸಬಹುದು, ದಿನವಿಡೀ ಹೊರಾಂಗಣ ಮಾಡಬಹುದು. ಹಗಲು ಜೂನ್‌ಗಿಂತ ಸುಮಾರು ಒಂದೂವರೆ ಗಂಟೆ ಕಡಿಮೆ ಸಿಗುತ್ತದೆ, ನಿಜ. ಆದರೂ ಉಪಯೋಗಕ್ಕೆ ಬರುವ ಬೆಳಕು ಹೆಚ್ಚು. ಮಧುಗಿರಿ, ಗುಡಿಬಂಡೆ, ಅಂತರಗಂಗೆಯಂಥ ಬಂಡೆ ಸೀಮೆಯ ಹೊರಾಂಗಣವನ್ನು ನವೆಂಬರ್ ಕೊನೆಯಿಂದ ಫೆಬ್ರುವರಿ ಮಧ್ಯದೊಳಗೆ ಮುಗಿಸಿ, ಏಪ್ರಿಲ್‌ಗೆ ಮನೆಯೊಳಗಿನ ದೃಶ್ಯಗಳನ್ನು ಉಳಿಸಿಕೊಂಡರೆ ಲೈಟಿನ ಬಾಡಿಗೆಯಲ್ಲೇ ಗಣನೀಯ ಮೊತ್ತ ಉಳಿಯುತ್ತದೆ.

ಇನ್ನೊಂದು ಮಾತು. ಯೂಟ್ಯೂಬಿನಲ್ಲಿ ಹೇಳುವ 'ಗೋಲ್ಡನ್ ಅವರ್', ಅಂದರೆ ಸಂಜೆಯ ಹೊಂಬೆಳಕು, ನಮ್ಮಲ್ಲಿ ಒಂದು ಗಂಟೆ ಇರುವುದಿಲ್ಲ. ಸೂರ್ಯ ಇಲ್ಲಿ ನೆಟ್ಟಗೆ ಇಳಿಯುತ್ತಾನೆ. ಆರು ಡಿಗ್ರಿ ಎತ್ತರದಿಂದ ದಿಗಂತಕ್ಕೆ ಬರಲು ಸುಮಾರು 25 ನಿಮಿಷ, ಮುಳುಗಿದ ಮೇಲೆ ಆಕಾಶದ ಬೆಳಕು ಇನ್ನೊಂದು 20 ನಿಮಿಷ. ದೇವರಾಯನದುರ್ಗದಲ್ಲಿ ಸಂಜೆಯ ಪ್ರೇಮ ದೃಶ್ಯಕ್ಕೆ ಆರು ಶಾಟ್ ಬರೆದಿದ್ದರೆ ಅದು ಒಂದು ದಿನದ ಕೆಲಸವಲ್ಲ, ಎರಡು ಸಂಜೆಯ ಕೆಲಸ. ಅದನ್ನು ಮೊದಲೇ ಶೆಡ್ಯೂಲಿನಲ್ಲಿ ಎರಡು ಸಂಜೆಯಾಗಿಯೇ ಬರೆಯಿರಿ, ಹಗಲಿಗೆ ಬೇರೆ ದೃಶ್ಯ ಹಾಕಿ. ಇಲ್ಲದಿದ್ದರೆ 60 ಜನ ಮಧ್ಯಾಹ್ನದಿಂದ ಬೆಟ್ಟದ ಮೇಲೆ ಟೀ ಕುಡಿಯುತ್ತ ಕೂರುತ್ತಾರೆ.

ಉಳಿದುಕೊಳ್ಳುವ ಪ್ರಶ್ನೆಯೂ ಬೆಳಕಿನದೇ. ತುಮಕೂರು, ಕೋಲಾರ ಎರಡೂ ಬೆಂಗಳೂರಿನಿಂದ 70 ಕಿ.ಮೀ. ಆಸುಪಾಸು, ಚಿಕ್ಕಬಳ್ಳಾಪುರ ಇನ್ನೂ ಹತ್ತಿರ. 'ದಿನಾ ಹೋಗಿ ಬಂದರಾಯಿತು, ಲಾಡ್ಜ್ ಖರ್ಚು ಉಳಿಯುತ್ತೆ' ಎಂದು ಪ್ರೊಡಕ್ಷನ್ ಮ್ಯಾನೇಜರ್ ಹೇಳುತ್ತಾರೆ. 60 ಜನಕ್ಕೆ ಇಬ್ಬಿಬ್ಬರಂತೆ 30 ರೂಮು, ರೂಮಿಗೆ 1,200 ಎಂದರೆ 36,000. ಹೋಗಿ ಬರುವುದರಲ್ಲಿ ಬೆಳಗಿನ ಒಂದು ಗಂಟೆ, ಸಂಜೆಯ ಒಂದು ಗಂಟೆ ಕಳೆದರೆ 50,000. ಅದೂ ದಿನದ ಅತ್ಯುತ್ತಮ ಎರಡು ಗಂಟೆ. ಗೊರಗುಂಟೆಪಾಳ್ಯದಲ್ಲೋ ಹೆಬ್ಬಾಳದಲ್ಲೋ ಜಾಮ್ ಆದ ದಿನ ಲೆಕ್ಕ ಇನ್ನೂ ಕೆಡುತ್ತದೆ. ನಾಲ್ಕು ದಿನಕ್ಕಿಂತ ಹೆಚ್ಚಿನ ಕೆಲಸ ಇದ್ದರೆ ಉಳಿಯುವುದೇ ಲಾಭ.

ಕೆಜಿಎಫ್‌ನ ಸೈನೈಡ್ ದಿಬ್ಬಗಳ ಬಗ್ಗೆ ಸ್ವಲ್ಪ ವಿವರವಾಗಿ ಹೇಳಬೇಕು, ಯಾಕೆಂದರೆ ಈಗ ಎಲ್ಲರಿಗೂ ಅಲ್ಲೇ ಚಿತ್ರೀಕರಿಸುವ ಆಸೆ. ಅದಿರನ್ನು ಹಿಟ್ಟಿನಂತೆ ಅರೆದು, ಸೈನೈಡ್ ದ್ರಾವಣದಲ್ಲಿ ಚಿನ್ನ ಬಿಡಿಸಿಕೊಂಡ ಮೇಲೆ ಉಳಿದ ಪುಡಿ ಅದು. ಗಣಿ 2001ರ ಫೆಬ್ರುವರಿ 28ಕ್ಕೆ ಮುಚ್ಚಿತು, ಪುಡಿ ಅಲ್ಲೇ ಉಳಿಯಿತು. ಜಾಗ ಕೇಂದ್ರ ಸರ್ಕಾರದ ಭಾರತ್ ಗೋಲ್ಡ್ ಮೈನ್ಸ್ (ಬಿಜಿಎಂಎಲ್) ಕಂಪನಿಯದು, ಅನುಮತಿ ಅಲ್ಲಿಂದಲೇ ಆಗಬೇಕು. ಚಿತ್ರೀಕರಣಕ್ಕೆ ಅಲ್ಲಿ ಮೂರು ತೊಡಕು ಬರುತ್ತವೆ. ಮೊದಲನೆಯದು ಎಕ್ಸ್‌ಪೋಶರ್, ಅಂದರೆ ಕ್ಯಾಮೆರಾದೊಳಗೆ ಬಿಡುವ ಬೆಳಕಿನ ಅಳತೆ. ನೆಲ ತಿಳಿಬಣ್ಣದ್ದು, ಬೆಳಕನ್ನು ಕೆಳಗಿನಿಂದ ಎಸೆಯುತ್ತದೆ. ಮಾನಿಟರ್ ನೋಡಿ ನೆಲಕ್ಕೆ ಎಕ್ಸ್‌ಪೋಶರ್ ಹೊಂದಿಸಿದರೆ ಮುಖ ಒಂದೂವರೆ ಸ್ಟಾಪ್ (ಒಂದು ಸ್ಟಾಪ್ ಇಳಿದರೆ ಬೆಳಕು ಅರ್ಧ) ಕೆಳಗೆ ಹೋಗಿರುತ್ತದೆ. ಬೀಳುವ ಬೆಳಕನ್ನು ಅಳೆಯುವ ಇನ್ಸಿಡೆಂಟ್ ಮೀಟರನ್ನು ಮುಖದ ಹತ್ತಿರ ಹಿಡಿದು ಅಳೆಯಿರಿ, ಇಲ್ಲವೇ ಬೆಳಕಿನ ಮಟ್ಟವನ್ನು ಬಣ್ಣಗಳಲ್ಲಿ ತೋರಿಸುವ ಮಾನಿಟರಿನ ಫಾಲ್ಸ್ ಕಲರ್‌ನಲ್ಲಿ ಚರ್ಮವನ್ನು ಮಾತ್ರ ನೋಡಿ. ಎರಡನೆಯದು ಎನ್‌ಡಿ ಫಿಲ್ಟರ್, ಅಂದರೆ ಬೆಳಕು ತಗ್ಗಿಸಲು ಲೆನ್ಸಿಗೆ ಹಾಕುವ ಕಪ್ಪು ಗಾಜು. ಐಎಸ್‌ಒ 800, ಶಟರ್ 1/50 ಇಟ್ಟು ಬಿಸಿಲಿನಲ್ಲಿ ಎಫ್ 2.8 ಬೇಕೆಂದರೆ 9 ಸ್ಟಾಪ್, ಅಂದರೆ 2.7 ಎನ್‌ಡಿ ಬೇಕು. ಇಷ್ಟು ದಪ್ಪದ ಸಾಮಾನ್ಯ ಎನ್‌ಡಿ ಕಣ್ಣಿಗೆ ಕಾಣುವ ಬೆಳಕನ್ನು ತಡೆಯುತ್ತದೆ, ಇನ್‌ಫ್ರಾರೆಡ್ಡನ್ನು ಬಿಟ್ಟುಬಿಡುತ್ತದೆ. ಪರಿಣಾಮವಾಗಿ ಕಪ್ಪು ಪಾಲಿಸ್ಟರ್ ಅಂಗಿ ಕಂದುಗೆಂಪಾಗುತ್ತದೆ. ಡಿಐನಲ್ಲಿ (ಚಿತ್ರದ ಬಣ್ಣ ಹೊಂದಿಸುವ ಹಂತ) ಅದನ್ನು ಶಾಟ್ ಶಾಟಿಗೂ ಸರಿಪಡಿಸುವ ಖರ್ಚಿಗಿಂತ ಐಆರ್ ತಡೆಯುವ ಎನ್‌ಡಿ ಬಾಡಿಗೆ ತರುವುದು ಅಗ್ಗ. ಮೂರನೆಯದು ಧೂಳು. ಅದು ಮರಳಿನಷ್ಟು ದಪ್ಪವಿಲ್ಲ, ಪೌಡರಿನ ಹಾಗೆ ಲೆನ್ಸಿನ ಫೋಕಸ್ ರಿಂಗಿನೊಳಗೆ, ಕ್ಯಾಮೆರಾ ಫ್ಯಾನಿನ ಬಾಯಿಯೊಳಗೆ ಇಳಿಯುತ್ತದೆ. ಲೆನ್ಸ್ ಬದಲಿಸುವುದು ಗಾಡಿಯೊಳಗೆ, ಬಾಗಿಲು ಹಾಕಿಕೊಂಡು. ಸಾಧ್ಯವಾದರೆ ಆ ದಿನವೆಲ್ಲ ಒಂದೇ ಜೂಮ್ ಲೆನ್ಸಿನಲ್ಲಿ ಮುಗಿಸಿ. ಯೂನಿಟ್‌ಗೆ ಒಳ್ಳೆಯ ಮಾಸ್ಕ್, ಕುಡಿಯಲು ಹೊರಗಿನಿಂದ ತಂದ ನೀರು, ಊಟ ದಿಬ್ಬದಿಂದ ದೂರ. ಗಾಳಿ ಎದ್ದ ಮೇಲೆ ಫ್ಯಾನ್ ಹಾಕಿ ಇನ್ನಷ್ಟು ಧೂಳೆಬ್ಬಿಸುವ ಶಾಟ್ ದಯವಿಟ್ಟು ಬೇಡ. ಸುತ್ತಲ ಕಾಲೊನಿಯ ಜನ ವರ್ಷಗಳಿಂದ ಆ ಧೂಳಿನಲ್ಲೇ ಉಸಿರಾಡುತ್ತಿದ್ದಾರೆ. ನಿರ್ಮಾಪಕರಾದ ಮೇಲೆ ಇದು ನಿಮ್ಮ ಹೊಣೆ, ಕ್ಯಾಮೆರಾಮನ್ ಆಗಿದ್ದಾಗ ಇದ್ದ ಹಾಗೆ ಬೇರೆಯವರದಲ್ಲ.

ನಂದಿ ಬೆಟ್ಟದ ತೊಂದರೆ ಬೇರೆ. ರಾತ್ರಿ ಎಸಿ ರೂಮಿನಲ್ಲಿಟ್ಟು ಹೊರಗಿನ ಗಾಳಿಗಿಂತ ತಣ್ಣಗಾದ ಲೆನ್ಸನ್ನು ಬೆಳಗಿನ ತೇವದ ಮಂಜಿಗೆ ತೆಗೆದರೆ ಗಾಜಿನ ಮೇಲೆ, ಕೆಲವೊಮ್ಮೆ ಒಳಗಿನ ಗಾಜಿನ ಮೇಲೂ ಹನಿ ಕೂರುತ್ತದೆ. ಒರೆಸಿದರೆ ಮತ್ತೆ ಬರುತ್ತದೆ. ಪೆಟ್ಟಿಗೆ ತೆರೆಯದೆ ಅರ್ಧ ಮುಕ್ಕಾಲು ಗಂಟೆ ಹೊರಗಿನ ಉಷ್ಣಾಂಶಕ್ಕೆ ಬಿಡಬೇಕು. ಅಂದರೆ ಕ್ಯಾಮೆರಾ ಗಾಡಿ ಯೂನಿಟ್‌ಗಿಂತ ಮೊದಲು ಬೆಟ್ಟ ಹತ್ತಬೇಕು. ಶನಿವಾರ, ಭಾನುವಾರ ಅಲ್ಲಿಗೆ ಶೂಟಿಂಗ್ ಹಾಕಲೇಬೇಡಿ. ಬೆಟ್ಟದ ರಸ್ತೆಯ ವಾಹನಗಳ ಸಾಲಿನಲ್ಲೇ ಮಂಜು ಕರಗಿರುತ್ತದೆ.

ಕರೆಂಟಿನ ವಿಷಯ. ಈಗಿನ 600 ವ್ಯಾಟ್ ದರ್ಜೆಯ ಎಲ್‌ಇಡಿ ಲೈಟು ಗೋಡೆಯಿಂದ ಸುಮಾರು 720 ವ್ಯಾಟ್ ಎಳೆಯುತ್ತದೆ. 15 ಆಂಪಿಯರ್ ಪ್ಲಗ್ಗು 230 ವೋಲ್ಟಿನಲ್ಲಿ 3,450 ವ್ಯಾಟ್ ಕೊಡುತ್ತದೆ, ಕಾಗದದ ಮೇಲೆ ನಾಲ್ಕು ಲೈಟು ಸಲೀಸು. ಆದರೆ ಹಳ್ಳಿಯಲ್ಲಿ ಸಂಜೆ ಪಂಪ್‌ಸೆಟ್ ಶುರುವಾದಾಗ ವೋಲ್ಟೇಜ್ 180ಕ್ಕೆ ಇಳಿಯುವುದುಂಟು. ಆಗ ಲೈಟು ಅದೇ ವ್ಯಾಟಿಗಾಗಿ ಹೆಚ್ಚು ಆಂಪಿಯರ್ ಎಳೆಯುತ್ತದೆ, ಹಳೆಯ ಮನೆಯ ವೈರು ಬಿಸಿಯಾಗುತ್ತದೆ. ಮೂರು ಲೈಟಿಗೆ ನಿಲ್ಲಿಸಿ. ನಾಲ್ಕನೆಯದಕ್ಕೆ ಬೇರೆ ಫೇಸ್, ಇಲ್ಲವೇ ಜನರೇಟರ್. ಸಣ್ಣ ಚಿತ್ರಕ್ಕೆ 62.5 ಕೆವಿಎ ಸೈಲೆಂಟ್ ಜನರೇಟರ್ ಸಾಕು, ಅದರಿಂದ 50 ಕಿಲೋವ್ಯಾಟ್ ಸಿಗುತ್ತದೆ. 18ಕೆ ಎಚ್‌ಎಂಐ (18,000 ವ್ಯಾಟಿನ ದೊಡ್ಡ ಲೈಟು) ತರಲೇಬೇಕು ಎಂಬ ಹಟ ರಾತ್ರಿಯ ದೊಡ್ಡ ಬಯಲಿಗೆ ಮಾತ್ರ ಇರಲಿ. ಅಂಗಡಿ, ಶಾಲೆ, ಪಂಚಾಯಿತಿ ಕಚೇರಿಗಳ ಟ್ಯೂಬ್‌ಲೈಟ್ ಮಿನುಗಿದರೆ ಕ್ಯಾಮೆರಾದ ಶಟರ್ ಕೋನವನ್ನು 180 ಡಿಗ್ರಿಯಿಂದ 172.8ಕ್ಕೆ ಇಳಿಸಿ. 24 ಫ್ರೇಮಿನಲ್ಲಿ ಅದು 1/50 ಸೆಕೆಂಡಾಗಿ 50 ಹರ್ಟ್ಸ್ ಕರೆಂಟಿಗೆ ಕೂಡಿಕೊಳ್ಳುತ್ತದೆ. ಅದಕ್ಕೂ ಜಗ್ಗದ ಅಗ್ಗದ ಎಲ್‌ಇಡಿ ಬಲ್ಬ್ ಇದ್ದರೆ ಅಂಗಡಿಯವರ ಒಪ್ಪಿಗೆ ಪಡೆದು ಬಲ್ಬನ್ನೇ ಬದಲಿಸಿ, ಮುಗಿದ ಮೇಲೆ ಹೊಸದನ್ನು ಅಲ್ಲೇ ಬಿಟ್ಟು ಬನ್ನಿ.

ಫುಟೇಜ್ ನಿಮ್ಮ ಆಸ್ತಿ, ಅದನ್ನು ಕಾಯುವ ಖರ್ಚಿಗೆ ಚೌಕಾಸಿ ಮಾಡಬೇಡಿ. ಯುಎಚ್‌ಡಿಯಲ್ಲಿ ಪ್ರೊರೆಸ್ 4444 ಎಂಬ ಉತ್ತಮ ಗುಣಮಟ್ಟದ ವಿಡಿಯೊ ಒಂದು ಗಂಟೆಗೆ ಸುಮಾರು 477 ಜಿಬಿ. ಎರಡು ಗಂಟೆಯ ಚಿತ್ರಕ್ಕೆ ಹತ್ತರಷ್ಟು ತೆಗೆದರೆ 20 ಗಂಟೆ, ಅಂದರೆ ಒಂಬತ್ತೂವರೆ ಟಿಬಿ. ಮೂರು ಪ್ರತಿ ಎಂದರೆ 29 ಟಿಬಿ ಹತ್ತಿರ. ಫಿಲ್ಮ್ ಕಾಲದಲ್ಲಿ 400 ಅಡಿಯ ರೋಲು ನಾಲ್ಕೂವರೆ ನಿಮಿಷಕ್ಕೆ ಮುಗಿಯುತ್ತಿತ್ತು, ಹಾಗಾಗಿ ರಿಹರ್ಸಲ್ ಆಗದೆ ಕ್ಯಾಮೆರಾ ಓಡುತ್ತಿರಲಿಲ್ಲ. ಈಗ ರಿಹರ್ಸಲನ್ನೂ ರೆಕಾರ್ಡ್ ಮಾಡುತ್ತಾರೆ. ಆ ಭಾರ ಹಾರ್ಡ್ ಡಿಸ್ಕಿಗಷ್ಟೇ ಅಲ್ಲ, ಎಡಿಟರ್‌ನ ದಿನಗಳಿಗೂ ಬೀಳುತ್ತದೆ. ಕಾರ್ಡ್ ಖಾಲಿ ಮಾಡುವಾಗ ಬರೀ ಕಾಪಿ-ಪೇಸ್ಟ್ ಸಾಲದು, ಪ್ರತಿ ಮೂಲದಂತೆಯೇ ಇದೆಯೇ ಎಂದು ಚೆಕ್‌ಸಮ್ ಹೋಲಿಸಿ ನೋಡುವ ಸಾಫ್ಟ್‌ವೇರ್ ಬಳಸಿ. ಎರಡು ಪ್ರತಿ ಚೆಕ್ ಆಗುವ ತನಕ ಕಾರ್ಡಿನ ಮೇಲೆ ಕೆಂಪು ಟೇಪು, ಟೇಪು ಇರುವ ಕಾರ್ಡನ್ನು ಯಾರೂ ಫಾರ್ಮ್ಯಾಟ್ ಮಾಡಕೂಡದು. ಎರಡು ಡಿಸ್ಕ್ ಒಂದೇ ಗಾಡಿಯಲ್ಲಿ ಪ್ರಯಾಣಿಸಕೂಡದು.

ಅನುಮತಿಗಳನ್ನು ಬೇಗ ಹೇಳಿ ಮುಗಿಸುತ್ತೇನೆ. ಭೋಗನಂದೀಶ್ವರ, ಕೋಲಾರಮ್ಮ, ಮಧುಗಿರಿ ಕೋಟೆ ಇವೆಲ್ಲ ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯ ಸಂರಕ್ಷಣೆಯಲ್ಲಿವೆ. ದೇವಸ್ಥಾನದ ಅರ್ಚಕರೋ ಪಂಚಾಯಿತಿಯೋ ಒಪ್ಪಿದರೆ ಸಾಲದು. ದೇವರಾಯನದುರ್ಗದ ಕಾಡಿಗೆ ಅರಣ್ಯ ಇಲಾಖೆ. ಡ್ರೋನ್ ಹಾರಿಸುವ ಮುಂಚೆ ಡ್ರೋನ್ ವಲಯಗಳನ್ನು ತೋರಿಸುವ ಸರ್ಕಾರದ ಡಿಜಿಟಲ್ ಸ್ಕೈ ನಕ್ಷೆ ನೋಡಿ, ಚಿಕ್ಕಬಳ್ಳಾಪುರದ ದಾರಿಯಲ್ಲಿ ದೇವನಹಳ್ಳಿ ವಿಮಾನ ನಿಲ್ದಾಣ ಇದೆ ಎನ್ನುವುದು ನೆನಪಿರಲಿ. ಹಸಿರು ವಲಯದಲ್ಲೂ ಎತ್ತರದ ಮಿತಿ 400 ಅಡಿ. ಕುರಿಮಂದೆ, ಎತ್ತಿನ ಗಾಡಿ ಫ್ರೇಮಿನಲ್ಲಿ ಇದ್ದರೆ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿಯನ್ನು ಚಿತ್ರೀಕರಣಕ್ಕೆ ಮುಂಚೆಯೇ ಪಡೆಯಬೇಕು. ಅದಿಲ್ಲದೆ ಹೋದ ಚಿತ್ರಗಳು ಸೆನ್ಸಾರ್ ಬಾಗಿಲಲ್ಲಿ ತಿಂಗಳುಗಟ್ಟಲೆ ನಿಲ್ಲುತ್ತವೆ. ಬೆಳಕಿನ ಕಿರಣ ಚೆನ್ನಾಗಿ ಕಾಣಲಿ ಎಂದು ನಾಯಕನ ಕೈಗೆ ಸಿಗರೇಟು ಕೊಡುವ ಅಭ್ಯಾಸ ಕ್ಯಾಮೆರಾಮನ್‌ಗಳಿಗಿದೆ. ಅದಕ್ಕಾಗಿ ಚಿತ್ರದ ಶುರುವಿನಲ್ಲಿ, ಮಧ್ಯಂತರದಲ್ಲಿ ತಂಬಾಕು ಎಚ್ಚರಿಕೆಯ ಚಿತ್ರ, ದೃಶ್ಯದುದ್ದಕ್ಕೂ ಕೆಳಗೆ ಅಕ್ಷರ ಹಾಕಬೇಕಾಗುತ್ತದೆ. ಅದರ ಬದಲು ತೆಳು ಹೊಗೆ ಬಿಡುವ ಹೇಜ್ ಯಂತ್ರ ಬಾಡಿಗೆಗೆ ಸಿಗುತ್ತದೆ.

ಇನ್ನು ಕೈ ಸುಡುವ ಭಾಗ. ಛಾಯಾಗ್ರಾಹಕ ತನ್ನ ಮೊದಲ ನಿರ್ಮಾಣದಲ್ಲಿ ಮಾಡುವ ದೊಡ್ಡ ಖರ್ಚು ತನ್ನ ಇಲಾಖೆಗೇ. ಬೇರೆಯವರ ಚಿತ್ರದಲ್ಲಿ ಕೇಳಿ ಸಿಗದ ಅನಾಮಾರ್ಫಿಕ್ (ಅಗಲ ಪರದೆಯ ಚಿತ್ರಕ್ಕೆ ಬಳಸುವ) ಲೆನ್ಸು ಈಗ ತನ್ನ ದುಡ್ಡಲ್ಲಿ ತರಿಸುತ್ತಾನೆ. ಆಮೇಲೆ ಸೌಂಡ್ ಮಿಕ್ಸಿಂಗಿಗೆ ದುಡ್ಡಿಲ್ಲ, ಪ್ರಚಾರಕ್ಕೆ ಮೊದಲೇ ಇಲ್ಲ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಹೂವು ಎನ್ನುವುದು ಇದಕ್ಕೇ. ಸಣ್ಣಪುಟ್ಟ ಚಿತ್ರ ದೋಷವನ್ನು ಪ್ರೇಕ್ಷಕ ಕ್ಷಮಿಸುತ್ತಾನೆ, ಮಾತು ಕೇಳದಿದ್ದರೆ ಎದ್ದು ಹೋಗುತ್ತಾನೆ. ಹಾಗೆಯೇ, ಸ್ವಂತ ಕ್ಯಾಮೆರಾ ಕೊಂಡರೆ ಬಾಡಿಗೆ ಉಳಿಯಿತು ಎಂಬ ನಂಬಿಕೆ. 30 ದಿನದ ಶೂಟಿಂಗಿಗಾಗಿ ಕೊಂಡ ಕ್ಯಾಮೆರಾ ಉಳಿದ ದಿನ ಬಾಡಿಗೆಗೆ ಓಡದಿದ್ದರೆ ಕಂತು ನಿಮ್ಮ ತಲೆ ಮೇಲೆ, ಎರಡು ವರ್ಷದಲ್ಲಿ ಹೊಸ ಮಾಡೆಲ್ ಬಂದು ಬೆಲೆಯೂ ಇಳಿದಿರುತ್ತದೆ. ಕ್ಯಾಮೆರಾ ಬಾಡಿಗೆ ಒಂದು ಬೇರೆ ವ್ಯಾಪಾರ. ಮಾಡುವುದಾದರೆ ಅದಕ್ಕೆ ಬೇರೆ ಲೆಕ್ಕದ ಪುಸ್ತಕ ಇಡಿ.

ಮಾಡಬೇಕಾದ್ದು ಇಷ್ಟು: ಮುಹೂರ್ತಕ್ಕೆ ಮುಂಚೆ ಎರಡು ಬ್ಯಾಂಕ್ ಖಾತೆ ತೆರೆಯಿರಿ. ಎಡಿಟಿಂಗ್, ಡಬ್ಬಿಂಗ್, ಹಿನ್ನೆಲೆ ಸಂಗೀತ, ಡಿಐ, ಸೆನ್ಸಾರ್, ಪ್ರಚಾರ ಇವುಗಳ ಮೊತ್ತವನ್ನು ಎರಡನೆಯ ಖಾತೆಗೆ ಹಾಕಿ, ಶೂಟಿಂಗ್ ಮುಗಿಯುವ ತನಕ ಮುಟ್ಟಬೇಡಿ. ಚಿತ್ರೀಕರಣದ ದಿನಗಳಲ್ಲಿ ಚೆಕ್ಕಿಗೆ ಸಹಿ ಮಾಡುವ ಅಧಿಕಾರ ಇನ್ನೊಬ್ಬ ಪಾಲುದಾರರಿಗಿರಲಿ. 'ಇನ್ನೊಂದು ಟೇಕ್, ಇನ್ನೊಂದು ಕ್ರೇನ್' ಎನ್ನುವ ಮನುಷ್ಯನೇ ದುಡ್ಡು ಬಿಡುಗಡೆ ಮಾಡುವವನೂ ಆಗಬಾರದು. ಸಂಭಾವನೆ ಮಾತಾಡುವಾಗ ತೆರಿಗೆ ಸೇರಿಯೋ ಕಳೆದೋ ಎಂದು ಬಾಯಿಬಿಟ್ಟು ಕೇಳಿ. ತಂತ್ರಜ್ಞರಿಗೆ ಕೊಡುವಾಗ ಶೇ 10 ಮೂಲದಲ್ಲೇ ಕಡಿತವಾಗುತ್ತದೆ. 'ಕೈಗೆ 2 ಲಕ್ಷ' ಎಂದು ಒಪ್ಪಿಕೊಂಡಿದ್ದರೆ ನಿಮ್ಮ ಖರ್ಚು 2,22,222. ಇಂಥ 20 ಜನ ಇದ್ದರೆ ನಾಲ್ಕು ಲಕ್ಷಕ್ಕೂ ಮೇಲೆ ವ್ಯತ್ಯಾಸ. ಸಾಲದ ವಿಷಯದಲ್ಲಿ ಒಂದು ಕೋಟಿಯನ್ನು ನೂರಕ್ಕೆ ಎರಡು ರೂಪಾಯಿ ಬಡ್ಡಿಗೆ ತಂದರೆ ತಿಂಗಳಿಗೆ 2 ಲಕ್ಷ. ನಟರ ಡೇಟ್ ಸಿಗದೆ ಪ್ಯಾಚ್‌ವರ್ಕ್ (ಬಿಟ್ಟುಹೋದ ಚೂರುಪಾರು ಶಾಟುಗಳ ಚಿತ್ರೀಕರಣ) ಎಂಟು ತಿಂಗಳು ಮುಂದೆ ಹೋದರೆ 16 ಲಕ್ಷ. ಒಂದು ಪುಟ್ಟ ಶೆಡ್ಯೂಲಿನ ದುಡ್ಡು ಸುಮ್ಮನೆ ಹೋಯಿತು. ಆದ್ದರಿಂದ ಪ್ಯಾಚ್‌ವರ್ಕಿಗೆಂದು ಎರಡು ದಿನವನ್ನು ಮೊದಲ ಒಪ್ಪಂದದಲ್ಲೇ ಬರೆಸಿಕೊಳ್ಳಿ.

ಬಣ್ಣದ ಕೆಲಸದಲ್ಲಿ ಒಂದು ಬಲೆ ಇದೆ. ಡಿಐ ಕೋಣೆಯಲ್ಲಿ ಪರದೆ ಸರಿಯಾದ ಮಟ್ಟದಲ್ಲಿರುತ್ತದೆ, ಪರದೆಯ ಹೊಳಪಿಗೆ ಚಲನಚಿತ್ರ ಪ್ರದರ್ಶನದ ಮಾನದಂಡ 14 ಫುಟ್-ಲ್ಯಾಂಬರ್ಟ್. ತಾಲ್ಲೂಕಿನ ಸಿಂಗಲ್ ಸ್ಕ್ರೀನ್‌ನಲ್ಲಿ ಲ್ಯಾಂಪ್ ಹಳತಾಗಿ, ಪರದೆ ಮಾಸಿ ಬೆಳಕು ಅದಕ್ಕಿಂತ ಎಷ್ಟೋ ಕಡಿಮೆ. ಛಾಯಾಗ್ರಾಹಕ ಹೆಮ್ಮೆಪಟ್ಟು ಕತ್ತಲಾಗಿ ಬಿಟ್ಟ ರಾತ್ರಿ ದೃಶ್ಯ ಅಲ್ಲಿ ಬರೀ ಕಪ್ಪು. ಡಿಐ ಮುಗಿಸುವ ಮುನ್ನ ಅತಿ ಕತ್ತಲಿನ ಮೂರು ದೃಶ್ಯಗಳ ಹತ್ತು ನಿಮಿಷದ ಟೆಸ್ಟ್ ಡಿಸಿಪಿ (ಚಿತ್ರಮಂದಿರಕ್ಕೆ ಹೋಗುವ ಡಿಜಿಟಲ್ ಪ್ರತಿ) ಮಾಡಿಸಿ, ತುಮಕೂರಿನದೋ ಚಿಂತಾಮಣಿಯದೋ ಒಂದು ಹಳೆಯ ಚಿತ್ರಮಂದಿರದಲ್ಲಿ ಬೆಳಗಿನ ಆಟಕ್ಕೆ ಮುಂಚೆ ಹಾಕಿಸಿ, ಹಿಂದಿನ ಸಾಲಿನಲ್ಲಿ ಕೂತು ನೋಡಿ. ಕಣ್ಣು, ಕೈಯ ಚಲನೆ ಕಾಣದಿದ್ದರೆ ಮಿಡ್‌ಟೋನ್ (ನಡುಮಟ್ಟದ ಬೆಳಕು) ಎತ್ತಿ.

ಬಿಡುಗಡೆಗೆ ಬಂದರೆ ಗಾಂಧಿನಗರದ ನಕ್ಷೆಯೇ ಬೇರೆ. ಬೆಂಗಳೂರು, ಕೋಲಾರ, ತುಮಕೂರು ಸೇರಿ ಬಿಕೆಟಿ ಒಂದು ಏರಿಯಾ. ಚಿಕ್ಕಬಳ್ಳಾಪುರ 2007ರಲ್ಲಿ ಕೋಲಾರದಿಂದ ಬೇರೆಯಾಗಿ ಜಿಲ್ಲೆಯಾದರೂ ವಿತರಕರ ಲೆಕ್ಕದಲ್ಲಿ ಇನ್ನೂ ಬಿಕೆಟಿಯೊಳಗೇ. ಊರಿನ ಪ್ರೀತಿಗೆ ಬಿಕೆಟಿಯನ್ನು ಸ್ವಂತ ಬಿಡುಗಡೆ ಮಾಡುವವರಿದ್ದಾರೆ. ಮಾಡಿ, ಆದರೆ ಭಾಷೆಯ ಗಡಿ ನೋಡಿ. ಬಾಗೇಪಲ್ಲಿ, ಗೌರಿಬಿದನೂರು, ಚಿಂತಾಮಣಿ, ಶ್ರೀನಿವಾಸಪುರ, ಮುಳಬಾಗಿಲು, ಈ ಕಡೆ ಪಾವಗಡ, ಇಲ್ಲೆಲ್ಲ ತೆಲುಗು ಚಿತ್ರಗಳ ಹಿಡಿತ ಜೋರು. ಕೆಜಿಎಫ್‌ನಲ್ಲಿ ತಮಿಳು. ಸಂಕ್ರಾಂತಿ, ದಸರಾ ಹೊತ್ತಿಗೆ ದೊಡ್ಡ ತೆಲುಗು ಚಿತ್ರ ಬಂದರೆ ಶುಕ್ರವಾರ ಸಿಕ್ಕ ಚಿತ್ರಮಂದಿರ ಮುಂದಿನ ಶುಕ್ರವಾರ ಸಿಗುವುದಿಲ್ಲ. ಸಣ್ಣ ಚಿತ್ರಕ್ಕೆ ಮಾತು ಹರಡಲು ಎರಡನೇ ವಾರವೇ ಬೇಕು. ಹಬ್ಬದ ವಾರ ಬಿಟ್ಟು ದಿನಾಂಕ ಹಿಡಿಯಿರಿ.

ಟಿಕೆಟ್ಟಿನಲ್ಲಿ ನಿಮಗೆಷ್ಟು ಎನ್ನುವುದನ್ನು ಬಜೆಟ್ ಬರೆಯುವ ದಿನವೇ ನೋಡಬೇಕು. 150 ರೂಪಾಯಿ ಟಿಕೆಟ್, ಅದರಲ್ಲಿ ಶೇ 18 ಜಿಎಸ್‌ಟಿ ತೆಗೆದರೆ ಉಳಿಯುವುದು 127. ಮೊದಲ ವಾರ ಅರ್ಧರ್ಧ ಎಂದಿಟ್ಟುಕೊಂಡರೆ 63 ರೂಪಾಯಿ ಚಿಲ್ಲರೆ. ವಿತರಕರ ಕಮಿಷನ್ ಶೇ 10 ಎಂದರೆ ಕೈಗೆ 57. ಒಂದು ಕೋಟಿ ವಾಪಸ್ ಬರಬೇಕಾದರೆ ಒಂದೂಮುಕ್ಕಾಲು ಲಕ್ಷ ಟಿಕೆಟ್ ಹೋಗಬೇಕು, ಪ್ರಚಾರದ ಖರ್ಚು ಇದರ ಮೇಲೆ. ಸಿಂಗಲ್ ಸ್ಕ್ರೀನ್‌ನಲ್ಲಿ ಕೆಲವೆಡೆ ಪರ್ಸೆಂಟೇಜ್ ಬದಲು ವಾರದ ಬಾಡಿಗೆ ಕೇಳುತ್ತಾರೆ. ಜನ ಬರದಿದ್ದರೂ ಬಾಡಿಗೆ ಕಟ್ಟಬೇಕು, ಹೊಸಬರು ಅದಕ್ಕೆ ಒಪ್ಪಬಾರದು. ಡಿಜಿಟಲ್ ಪ್ರದರ್ಶನಕ್ಕೆ ಕಂಪನಿಗಳಿಗೆ ಕಟ್ಟುವ ವಿಪಿಎಫ್ ಕೂಡ ನಿರ್ಮಾಪಕನದೇ, ಎಷ್ಟು ಪರದೆ ಹೆಚ್ಚಿಸಿದರೆ ಅಷ್ಟು ಹೆಚ್ಚು. 100 ಪರದೆಯಲ್ಲಿ ಖಾಲಿ ಕುರ್ಚಿಗಿಂತ 35 ಪರದೆಯಲ್ಲಿ ತುಂಬಿದ ಕುರ್ಚಿ ಲೇಸು. ಆಯ್ಕೆಯಾದ ಕನ್ನಡ ಚಿತ್ರಕ್ಕೆ ರಾಜ್ಯ ಸರ್ಕಾರ ಕೊಡುವ 10 ಲಕ್ಷದ ಸಹಾಯಧನವನ್ನು ಆದಾಯದ ಕಾಲಮ್ಮಿನಲ್ಲಿ ಬರೆಯಬೇಡಿ. ಆಯ್ಕೆ ನಿಮ್ಮ ಕೈಯಲ್ಲಿಲ್ಲ, ದುಡ್ಡು ಬರುವ ಹೊತ್ತಿಗೆ ಬಡ್ಡಿ ಓಡಿರುತ್ತದೆ.

ಬಿಡುಗಡೆಯ ವಾರ ನಿರ್ಮಾಪಕ ಮೂರು ಕೆಲಸಕ್ಕೆ ಮನುಷ್ಯರನ್ನು ಇಡಬೇಕು. ಒಬ್ಬರು ಕೆಡಿಎಂ, ಅಂದರೆ ಚಿತ್ರಮಂದಿರದಲ್ಲಿ ಚಿತ್ರ ತೆರೆಯುವ ಕೀಲಿ, ನೋಡಿಕೊಳ್ಳಲಿ. ಆ ಡಿಜಿಟಲ್ ಕೀಲಿ ಒಂದು ಸರ್ವರಿಗೆ, ಇಂತಿಷ್ಟು ದಿನಕ್ಕೆ ಮಾತ್ರ ನಡೆಯುತ್ತದೆ. ಚಿತ್ರಮಂದಿರದವರು ಸ್ಕ್ರೀನ್ ಒಂದರಿಂದ ಎರಡಕ್ಕೆ ಚಿತ್ರ ಬದಲಿಸಿದರೆ ಹೊಸ ಕೀಲಿ ಬೇಕು, ಬರುವ ತನಕ ಆಟ ರದ್ದು. ಎರಡನೇ ವಾರಕ್ಕೆ ಮುಂದುವರಿಯುವ ಕಡೆ ಗುರುವಾರ ಮಧ್ಯಾಹ್ನದೊಳಗೆ ವಿಸ್ತರಣೆಯ ಕೀಲಿ ಹೋಗಿರಬೇಕು. ಇನ್ನೊಬ್ಬರು ಪ್ರತಿ ಚಿತ್ರಮಂದಿರದಿಂದ ಆಟವಾರು ಡಿಸಿಆರ್ (ದಿನದ ಗಳಿಕೆಯ ವರದಿ) ತರಿಸಿ, ಆನ್‌ಲೈನ್ ಬುಕಿಂಗ್ ಸಂಖ್ಯೆಗೆ ತಾಳೆ ನೋಡಲಿ. ವ್ಯತ್ಯಾಸ ಇದ್ದರೆ ಅದೇ ದಿನ ಕೇಳಬೇಕು, ತಿಂಗಳ ಮೇಲೆ ಕೇಳಿದರೆ ಉತ್ತರ ಸಿಗುವುದಿಲ್ಲ. ಮೂರನೆಯವರು ಮೊದಲ ದಿನ ಸಾಧ್ಯವಾದಷ್ಟು ಪರದೆಗಳಲ್ಲಿ ಮೊದಲ ಹತ್ತು ನಿಮಿಷ ಕೂತು ಎರಡು ವಿಷಯ ನೋಡಲಿ: ಮಾತು ಸ್ಪಷ್ಟವಾಗಿ ಕೇಳುತ್ತಿದೆಯೇ, ಸ್ಕೋಪ್ (ಅಗಲ ಪರದೆಯ) ಚಿತ್ರದ ಎರಡು ಅಂಚು ಪರದೆಯ ಹೊರಗೆ ಚೆಲ್ಲುತ್ತಿವೆಯೇ. ಚಿತ್ರಮಂದಿರದ ಸೌಂಡಿನ ಫೇಡರ್ (ದನಿ ಏರಿಸಿಳಿಸುವ ಗುಂಡಿ) 7ರಲ್ಲಿರುತ್ತದೆ ಎಂದುಕೊಂಡೇ ಚಿತ್ರ ಮಿಕ್ಸ್ ಆಗಿರುತ್ತದೆ. ಹಿಂದಿನ ಚಿತ್ರಕ್ಕೆಂದು ಅದನ್ನು 4ಕ್ಕೆ ಇಳಿಸಿ ಹಾಗೇ ಬಿಟ್ಟಿರುವುದು ಸಾಮಾನ್ಯ. ಆಪರೇಟರ್ ಹತ್ತಿರ ಹೋಗಿ ನಮಸ್ಕಾರ ಹೇಳಿ ಕೇಳಿದರೆ ಎರಡು ನಿಮಿಷದಲ್ಲಿ ಸರಿಯಾಗುವ ಕೆಲಸ ಅದು.